ಹಡಗು ನುಂಗುವ ಮರಳು: ಗುಡ್ವಿನ್ ಸ್ಯಾಂಡ್ಸ್ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ನಮ್ಮ ಮನೆ ಗಂಗೊಳ್ಳಿ ಕಡೆ. ಈಗ ಕೆಲವು ವರ್ಷಗಳಿಂದ ಇಂಗ್ಲೆಂಡಿನ ಆಗ್ನೇಯ ಮೂಲೆಯಲ್ಲಿ, ಕೆಂಟ್ ಸೀಮೆಯ ಡೀಲ್ ಎಂಬ ಸಣ್ಣ ಊರಿನಲ್ಲಿದ್ದೇನೆ. ಕಿಟಕಿ ತೆಗೆದರೆ ಕಡಲು. ಆ ಕಡಲಿನಲ್ಲಿ ಸುಮಾರು ಆರು ಕಿಲೋಮೀಟರ್ ಆಚೆ ಗುಡ್ವಿನ್ ಸ್ಯಾಂಡ್ಸ್ ಎಂಬ ಮರಳದಿಬ್ಬ ಇದೆ. ಊರಿಗೆ ಬಂದಾಗ, ಫೋನಿನಲ್ಲಿ, ಒಮ್ಮೆ ಮದುವೆ ಊಟದ ಪಂಕ್ತಿಯಲ್ಲಿ ಕೂಡ ಜನ ಇದರ ಬಗ್ಗೆ ಕೇಳಿದ್ದಾರೆ. ಹೆಚ್ಚು ಸಲ ಬಂದ ಪ್ರಶ್ನೆಗಳನ್ನು ಕೇಳಿದವರ ಮಾತಿನಲ್ಲೇ ಇಲ್ಲಿ ಇಟ್ಟಿದ್ದೇನೆ.

## ಮೊದಲು ಸುಲಭದ್ದು

ಅದು ದ್ವೀಪಾನಾ, ಬೀಚಾ, ಏನು ಕಥೆ?

ಎರಡೂ ಅಲ್ಲ. ಕಡಲ ತಳದಿಂದ ಎದ್ದು ನಿಂತ ಮರಳಿನ ರಾಶಿ. ಉದ್ದ ಸುಮಾರು 16 ಕಿಲೋಮೀಟರ್. ಮರಳಿನ ದಪ್ಪ ಸುಮಾರು 25 ಮೀಟರ್. ಅದರ ಕೆಳಗೆ ಸೀಮೆಸುಣ್ಣದ ಬಂಡೆ. ಡೋವರ್‌ನಲ್ಲಿ ಬೆಳ್ಳಗೆ ಗೋಡೆಯ ಹಾಗೆ ನಿಂತಿದೆಯಲ್ಲ, ಅದೇ ಜಾತಿಯ ಕಲ್ಲು.

ಉಬ್ಬರ ಇದ್ದಾಗ ಅಲ್ಲಿ ಏನೂ ಕಾಣುವುದಿಲ್ಲ, ಬರೀ ನೀರು. ಇಳಿತ ಪೂರ್ತಿಯಾದಾಗ ಒಂದಷ್ಟು ಭಾಗ ಎಮ್ಮೆ ಬೆನ್ನಿನ ಹಾಗೆ ಮೇಲೆ ಬರುತ್ತದೆ. ಆಗ ಕಡಲುನಾಯಿಗಳು, ಅಂದರೆ ಸೀಲ್‌ಗಳು, ಹಿಂಡು ಹಿಂಡಾಗಿ ಬಂದು ಮಲಗುತ್ತವೆ. ಕೆಲವು ಗಂಟೆಗಳಲ್ಲಿ ಎಲ್ಲ ಮತ್ತೆ ನೀರಿನೊಳಗೆ. ಮನೆ ಇಲ್ಲ, ಮರ ಇಲ್ಲ, ಒಂದು ಕಡ್ಡಿ ಹುಲ್ಲೂ ಇಲ್ಲ.

ಸಮುದ್ರದ ನಡುವೆ ಅಷ್ಟು ಮರಳು ಬಂದದ್ದು ಎಲ್ಲಿಂದ?

ಇಂಗ್ಲೆಂಡಿಗೂ ಫ್ರಾನ್ಸಿಗೂ ನಡುವೆ ಕಡಲು ತೀರಾ ಕಿರಿದಾಗುವ ಜಾಗ ಇದು. ಡೋವರ್ ಹತ್ತಿರ ಅಗಲ 33 ಕಿಲೋಮೀಟರ್ ಮಾತ್ರ. ಉತ್ತರ ಸಮುದ್ರದ ಉಬ್ಬರವೂ ಇಂಗ್ಲಿಷ್ ಚಾನೆಲ್‌ನ ಉಬ್ಬರವೂ ಇಲ್ಲಿ ಎದುರಾಗುತ್ತವೆ. ಎರಡು ಕಡೆಯ ನೀರು ಹೊತ್ತು ತಂದ ಮರಳು ಇಲ್ಲಿ ಕೂತಿತು. ಕೂತಿತು ಅಂದೆ, ಆದರೆ ಸುಮ್ನೆ ಕೂತಿಲ್ಲ. ಒಂದು ಕಡೆ ಕರಗುತ್ತದೆ, ಇನ್ನೊಂದು ಕಡೆ ಬೆಳೆಯುತ್ತದೆ. ಹಾಗಾಗಿ ನಕ್ಷೆಯನ್ನು ಆಗಾಗ ಹೊಸದಾಗಿ ಬರೆಯಬೇಕು.

ಅಲ್ಲಿ ಮೊದಲು ಒಂದು ಊರಿತ್ತು, ಪಾಪಕ್ಕೆ ಮುಳುಗಿತು ಅಂತಾರಲ್ಲ?

ಕಥೆ ಚೆನ್ನಾಗಿದೆ. ಲೋಮಿಯಾ ಎಂಬ ಹಸಿರು ದ್ವೀಪ ಇತ್ತಂತೆ. 1053ರಲ್ಲಿ ತೀರಿಕೊಂಡ ಗಾಡ್ವಿನ್ ಎಂಬ ದೊಡ್ಡ ಜಹಗೀರುದಾರ ಅದರ ಒಡೆಯನಂತೆ. ಕಡಲಿಗೆ ಅಡ್ಡವಾಗಿ ಕಟ್ಟಬೇಕಿದ್ದ ಗೋಡೆಯ ದುಡ್ಡನ್ನು ಟೆಂಟರ್ಡನ್ ಎಂಬ ಊರಿನ ಚರ್ಚಿನ ಗೋಪುರಕ್ಕೆ ಹಾಕಿದರಂತೆ. ಗೋಡೆ ಒಡೆಯಿತು, ದ್ವೀಪ ಹೋಯಿತು. ‘ಟೆಂಟರ್ಡನ್ ಗೋಪುರದಿಂದ ಗುಡ್ವಿನ್ ಮರಳಾಯಿತು’ ಅಂತ ಗಾದೆಯೇ ಇದೆ. ದುಡ್ಡು ಒಂದಕ್ಕೆ ಅಂತ ಬಂದು ಇನ್ನೊಂದಕ್ಕೆ ಹೋಗುವ ಕಥೆ ನಮಗೆ ಹೊಸದಲ್ಲ, ಅಲ್ವಾ?

ಆದರೆ ಅಲ್ಲಿ ಊರಿತ್ತು ಅನ್ನುವುದಕ್ಕೆ ಪುರಾವೆ ಸಿಕ್ಕಿಲ್ಲ.

ಅದರ ಮೇಲೆ ನಡೆಯಬಹುದಾ? ಕಾಲು ಹೂತುಹೋಗಲ್ವಾ?

ಎರಡೂ ಸರಿ. ನೀರು ಇಳಿದಾಗ ಮರಳು ಗಟ್ಟಿ, ಸಿಮೆಂಟ್ ನೆಲದ ಹಾಗೆ. ಅಲ್ಲಿ ಕ್ರಿಕೆಟ್ ಆಡಿದ್ದಾರೆ! 1824ರ ಬೇಸಿಗೆಯಲ್ಲಿ ರಾಮ್ಸ್‌ಗೇಟ್ ಬಂದರಿನ ಅಧಿಕಾರಿಯೊಬ್ಬರು ಜನ ಕಟ್ಟಿಕೊಂಡು ಹೋಗಿ ಆಡಿಸಿದರು. ಆಮೇಲೆ ಅದೊಂದು ಚಟವಾಯಿತು, 2003ರವರೆಗೂ ನಡೆಯಿತು. 2006ರಲ್ಲಿ ಒಂದು ಟಿವಿ ತಂಡ ಅದನ್ನೇ ಮತ್ತೆ ಆಡಿ ಚಿತ್ರೀಕರಿಸಲು ಹೋಗಿ ಸಿಕ್ಕಿಕೊಂಡಿತು. ಲೈಫ್‌ಬೋಟ್‌ನವರು ಹೋಗಿ ಕರೆತರಬೇಕಾಯಿತು.

ಉಬ್ಬರ ತಿರುಗುತ್ತಲೇ ಆಟ ಬದಲಾಗುತ್ತದೆ. ಮರಳಿನ ಕಾಳುಗಳ ನಡುವೆ ನೀರು ನುಗ್ಗುತ್ತದೆ. ಕಾಳಿಗೂ ಕಾಳಿಗೂ ಹಿಡಿತ ತಪ್ಪುತ್ತದೆ. ಗಟ್ಟಿ ನೆಲ ಗಂಜಿಯಾಗುತ್ತದೆ. ಆಗ ಮೇಲೆ ನಿಂತದ್ದು ಮನುಷ್ಯನಾಗಲಿ ಹಡಗಾಗಲಿ, ಕೆಳಕ್ಕೆ. ನೀವಾಗಿ ದೋಣಿ ಮಾಡಿಕೊಂಡು ಹೋಗುವ ಸಾಹಸ ಬೇಡ.

## ಹಾಯಿ ಹಡಗಿನ ಕಾಲ

ಅಷ್ಟು ಅಪಾಯ ಅಂದ್ಮೇಲೆ ಹಡಗುಗಳು ಆ ಕಡೆ ಯಾಕೆ ಹೋಗ್ತಿದ್ವು?

ಎಲ್ಲಕ್ಕಿಂತ ಒಳ್ಳೆಯ ಪ್ರಶ್ನೆ ಇದು. ಇಲ್ಲಿಗೆ ಬಂದ ಹೊಸದರಲ್ಲಿ ನನಗೂ ಇದೇ ಅನುಮಾನ ಇತ್ತು.

ಉತ್ತರ ಏನೆಂದರೆ, ಹಡಗುಗಳು ಬಂದದ್ದೇ ಆ ಮರಳು ಇದ್ದದ್ದರಿಂದ. ದಡಕ್ಕೂ ಮರಳದಿಬ್ಬಕ್ಕೂ ನಡುವೆ ಒಂದು ಉದ್ದನೆಯ ನೀರಿನ ಅಂಗಳ ಇದೆ. ಅದಕ್ಕೆ ‘ಡೌನ್ಸ್’ ಎಂದು ಹೆಸರು. ಪಶ್ಚಿಮದ ಗಾಳಿಗೆ ನೆಲ ಅಡ್ಡ. ಪೂರ್ವದ ಅಲೆಗೆ ಮರಳು ಅಡ್ಡ. ಕಲ್ಲಿನ ಒಂದು ಗೋಡೆಯನ್ನೂ ಕಟ್ಟದೆ ಸಿಕ್ಕ ಬಂದರು ಅದು. ಲಂಡನ್ನಿನಿಂದ ಥೇಮ್ಸ್ ನದಿಯಲ್ಲಿ ಇಳಿದು ಬಂದ ಹಡಗು ಇಲ್ಲಿ ಲಂಗರು ಹಾಕುತ್ತಿತ್ತು. ಮುಂದೆ ಪಶ್ಚಿಮಕ್ಕೆ ತಿರುಗಿ ಇಂಗ್ಲಿಷ್ ಚಾನೆಲ್ ದಾಟಬೇಕು. ಆದರೆ ಆ ಕಡೆಯಿಂದ ಹೆಚ್ಚಾಗಿ ಬೀಸುವುದು ನೈಋತ್ಯದ ಗಾಳಿ, ಎದುರು ಗಾಳಿ. ಹಾಯಿ ಹಡಗಿಗೆ ಕಾಯದೆ ಬೇರೆ ದಾರಿ ಇಲ್ಲ. ವಾರಗಟ್ಟಲೆ ಕಾಯುತ್ತಿದ್ದರು. ಒಂದೇ ಸಲಕ್ಕೆ ನೂರಾರು ಹಡಗು ನಿಂತದ್ದೂ ಉಂಟು. ಯುದ್ಧದ ಹಡಗು, ಈಸ್ಟ್ ಇಂಡಿಯಾ ಕಂಪನಿಯ ಹಡಗು, ಕಲ್ಲಿದ್ದಲಿನ ಹಡಗು, ಎಲ್ಲ ಒಂದೇ ಸಂತೆಯಲ್ಲಿ.

ಆ ಸಂತೆಯನ್ನು ಕಾಯಲು 8ನೇ ಹೆನ್ರಿ ದೊರೆ 1539–40ರಲ್ಲಿ ದಡದ ಮೇಲೆ ಮೂರು ಕೋಟೆ ಕಟ್ಟಿಸಿದ. ಡೀಲ್, ವಾಲ್ಮರ್ ಕೋಟೆಗಳು ಇವತ್ತಿಗೂ ಗಟ್ಟಿಯಾಗಿವೆ. ಮೂರನೆಯದನ್ನು, ಸ್ಯಾಂಡೌನ್ ಕೋಟೆಯನ್ನು, ಕಡಲೇ ತಿಂದುಹಾಕಿದೆ. 1639ರಲ್ಲಿ ಡಚ್ಚರು ಸ್ಪೇನಿನ ನೌಕಾಪಡೆಯನ್ನು ಬಗ್ಗುಬಡಿದದ್ದು ಇದೇ ನೀರಿನಲ್ಲಿ. 1855ರಿಂದ ಡೀಲ್‌ನ ಒಂದು ಗೋಪುರದ ತುದಿಯಿಂದ ದಿನಾ ಮಧ್ಯಾಹ್ನ ಒಂದು ಗಂಟೆಗೆ ಸರಿಯಾಗಿ ದೊಡ್ಡ ಕಪ್ಪು ಚೆಂಡು ಕೆಳಗೆ ಬೀಳುತ್ತಿತ್ತು. ಗ್ರೀನಿಚ್‌ನಿಂದ ತಂತಿಯಲ್ಲಿ ಸೂಚನೆ ಬರುತ್ತಿತ್ತು. ಅದನ್ನು ನೋಡಿ ಹಡಗಿನವರು ಗಡಿಯಾರ ಸರಿ ಮಾಡಿಕೊಳ್ಳುತ್ತಿದ್ದರು. ಬಂದರೇ ಇಲ್ಲದ ಊರಿಗೆ ಇಷ್ಟೆಲ್ಲ ವೈಭವ. ಕೊಟ್ಟದ್ದು ಮರಳು.

1703ರ ಬಿರುಗಾಳಿ ಅಂತಾರಲ್ಲ, ಅದನ್ನ ಸ್ವಲ್ಪ ಬಿಡಿಸಿ ಹೇಳಿ.

ಮರಳಿನ ಗೋಡೆಗೆ ಒಂದು ದೋಷ ಇದೆ. ಪೂರ್ವದಿಂದ ಗಾಳಿ ಬಂದರೆ ಅದು ನಿಮ್ಮನ್ನು ಕಾಯುತ್ತದೆ. ಪಶ್ಚಿಮದಿಂದ ಗಾಳಿ ಬಂದು, ಲಂಗರಿನ ಹಗ್ಗ ಹರಿದರೆ, ಅದೇ ಗೋಡೆಗೆ ಹೋಗಿ ಅಪ್ಪಳಿಸುತ್ತೀರಿ.

1703ರ ನವೆಂಬರ್ 26ರ ರಾತ್ರಿ ಆದದ್ದು ಅದೇ. ಬ್ರಿಟನ್ ಆಗ ಹಳೆಯ ಪಂಚಾಂಗದಲ್ಲಿತ್ತು. ಈಗಿನ ಲೆಕ್ಕದಲ್ಲಿ ಅದು ಡಿಸೆಂಬರ್ 7. ಡೌನ್ಸ್‌ನಲ್ಲಿ ನಿಂತಿದ್ದ ಹಡಗುಗಳ ಹಗ್ಗ ಒಂದೊಂದಾಗಿ ಹರಿದವು. ಬೆಳಗಾಗುವಷ್ಟರಲ್ಲಿ ನಾರ್ತಂಬರ್ಲೆಂಡ್, ರೆಸ್ಟೊರೇಶನ್, ಸ್ಟರ್ಲಿಂಗ್ ಕ್ಯಾಸಲ್, ಮೇರಿ ಎಂಬ ನಾಲ್ಕು ಯುದ್ಧನೌಕೆಗಳು ಮರಳಿನ ಪಾಲಾಗಿದ್ದವು. ಸಾವಿರಕ್ಕೂ ಹೆಚ್ಚು ನಾವಿಕರು ಸತ್ತರು. ಮೇರಿಯ ಮೇಲಿದ್ದ ನೌಕಾಧಿಕಾರಿ ಬೇಸಿಲ್ ಬ್ಯೂಮಾಂಟ್ ಕೂಡ ಹೋದ. ಆ ಹಡಗಿನಿಂದ ಉಳಿದವನು ಒಬ್ಬನೇ. ಅವನನ್ನು ಒಂದು ಅಲೆ ಎತ್ತಿ ಸ್ಟರ್ಲಿಂಗ್ ಕ್ಯಾಸಲ್ ಮೇಲೆ ಎಸೆಯಿತು. ಅದೂ ಮುಳುಗುತ್ತಿತ್ತು. ಮತ್ತೊಂದು ಅಲೆ ಅಲ್ಲಿಂದ ಎತ್ತಿ ಒಂದು ದೋಣಿಗೆ ಹಾಕಿತು. ಆಯುಸ್ಸು ಗಟ್ಟಿ ಅಂದರೆ ಇದು.

ಡೀಲ್ ಜನ ಮುಳುಗಿದ ಹಡಗು ದೋಚ್ತಿದ್ರಂತೆ, ನಿಜಾನಾ?

ಅರ್ಧ ನಿಜ. ಆ 1703ರ ಮರುದಿನವೇ ಈ ಮಾತು ಹುಟ್ಟಿತು. ಮರಳಿನ ಮೇಲೆ ಸಿಕ್ಕಿಕೊಂಡವರು ಕೈಬೀಸುತ್ತಿದ್ದರೂ ಊರಿನವರು ತೇಲಿ ಬಂದ ಸಾಮಾನು ಆರಿಸುತ್ತಿದ್ದರು ಎಂಬ ಆರೋಪ. ಅದೇ ಊರಿನ ಮೇಯರ್ ದೋಣಿಗಳನ್ನು ಬಲವಂತದಿಂದ ಹಿಡಿದು ಹೊರಡಿಸಿ ಸುಮಾರು 200 ಜನರನ್ನು ಉಳಿಸಿದ ಎಂಬ ಮಾತೂ ಆ ಕಾಲದ್ದೇ.

ನನ್ನ ಅಭಿಪ್ರಾಯ ಕೇಳಿದರೆ, ದೋಣಿಯವರನ್ನು ಒಂದೇ ತಕ್ಕಡಿಯಲ್ಲಿ ತೂಗಬಾರದು. ಇಲ್ಲಿ ದೋಣಿ ಕಟ್ಟಲು ದಕ್ಕೆ ಇಲ್ಲ. ದಡದ ಉರುಟು ಕಲ್ಲಿನ ಮೇಲಿಂದ ನೇರ ಅಲೆಯೊಳಕ್ಕೆ ದೂಡಬೇಕು. ಅದೂ ಬಿರುಗಾಳಿಯಲ್ಲಿ. ಲಂಗರು ಕಳಕೊಂಡ ಹಡಗಿಗೆ ಹೊಸ ಲಂಗರು ಒಯ್ಯುವುದು, ನೀರು, ತರಕಾರಿ, ಮಾಂಸ ಮುಟ್ಟಿಸುವುದು, ಮರಳಿಗೆ ಸಿಕ್ಕವರನ್ನು ಎಳೆದು ತರುವುದು, ಎಲ್ಲ ಅದೇ ದೋಣಿ, ಅದೇ ಜನ. ರಾತ್ರಿ ಫ್ರಾನ್ಸಿನಿಂದ ಬ್ರಾಂದಿ, ಚಹಾ ಕಳ್ಳಸಾಗಣೆ ಮಾಡುತ್ತಿದ್ದವರೂ ಅವರೇ. ಅದಕ್ಕೆ ಸಿಟ್ಟಾಗಿ 1780ರ ದಶಕದಲ್ಲಿ ಪ್ರಧಾನಿ ವಿಲಿಯಂ ಪಿಟ್ ಸೈನಿಕರನ್ನು ಕಳಿಸಿ ದಡದಲ್ಲಿದ್ದ ದೋಣಿಗಳನ್ನು ಸುಡಿಸಿದ. ಬೇರೆ ದೋಣಿ ಕಟ್ಟಿಕೊಂಡರು. ಅವರ ಕಸುಬನ್ನು ಕಡೆಗೂ ಮುಗಿಸಿದ್ದು ಹಬೆ ಎಂಜಿನ್. ಗಾಳಿಗೆ ಕಾಯದ ಹಡಗಿಗೆ ಡೌನ್ಸ್ ಯಾಕೆ ಬೇಕು?

ಒಂದು ದೀಪಸ್ತಂಭ ಕಟ್ಟಿದ್ರೆ ಮುಗೀತಿತ್ತಲ್ವಾ ಮಾರಾಯ್ರೆ?

ಕಟ್ಟಲು ನೋಡಿದರು. 1840ರ ದಶಕದಲ್ಲಿ ಕಬ್ಬಿಣದ ದೊಡ್ಡ ಕೊಳವೆಗಳನ್ನು ಮರಳಿಗೆ ಇಳಿಸಿ ಪ್ರಯತ್ನಪಟ್ಟರು. ಮರಳು ಬಿಡಲಿಲ್ಲ. ಹಾಗಾಗಿ ಮೊದಲಿನಿಂದ ಇದ್ದ ಹಾಗೆ ದೀಪ ಹೊತ್ತ ಹಡಗುಗಳನ್ನೇ ಲಂಗರು ಹಾಕಿ ನಿಲ್ಲಿಸಬೇಕಾಯಿತು. ಅಂಥ ಮೊದಲನೆಯದು 1795ರಲ್ಲೇ ಉತ್ತರದ ತುದಿಗೆ ಬಂದಿತ್ತು. ಆಮೇಲೆ ಇನ್ನೂ ಕೆಲವು ಬಂದವು.

ಪೂರ್ವದ ದೀಪದ ಹಡಗಿಗೆ ರೇಡಿಯೊ ಚರಿತ್ರೆಯಲ್ಲಿ ಜಾಗ ಇದೆ. 1898ರ ಡಿಸೆಂಬರಿನಲ್ಲಿ ಮಾರ್ಕೋನಿ ಅದರ ಮೇಲೆ ತನ್ನ ವೈರ್‌ಲೆಸ್ ಯಂತ್ರ ಇಟ್ಟು ದಡದ ದೀಪಸ್ತಂಭದ ಜೊತೆ ಮಾತಾಡಿಸಿದ. ಮರುವರ್ಷ ಮಾರ್ಚಿನಲ್ಲಿ ಎಲ್ಬೆ ಎಂಬ ಹಡಗು ಮರಳಿಗೆ ಏರಿತು. ದೀಪದ ಹಡಗಿನಿಂದ ಸುದ್ದಿ ಹೋಯಿತು, ಲೈಫ್‌ಬೋಟ್ ಬಂತು. ಅಪಾಯದಲ್ಲಿದ್ದ ಹಡಗಿಗಾಗಿ ವೈರ್‌ಲೆಸ್‌ನಲ್ಲಿ ಸಹಾಯ ಕೇಳಿದ ಮೊದಲ ಘಟನೆ ಅಂತ ಇದನ್ನೇ ಹೇಳುತ್ತಾರೆ. ಏಪ್ರಿಲ್‌ನಲ್ಲಿ ಇನ್ನೊಂದು ಹಡಗು ಮಂಜಿನಲ್ಲಿ ಬಂದು ದೀಪದ ಹಡಗಿಗೇ ಗುದ್ದಿತು. ಆಗ ಅವರು ತಮಗಾಗಿಯೇ ಸಂದೇಶ ಕಳಿಸಬೇಕಾಯಿತು.

ಕೆಟ್ಟದ್ದು ಆದದ್ದು 1954ರ ನವೆಂಬರ್ 27ಕ್ಕೆ. ದಕ್ಷಿಣದ ದೀಪದ ಹಡಗಿನ ಸರಪಳಿ ಹರಿದು, ಹಡಗು ಮರಳಿನ ಮೇಲೆ ಮಗುಚಿತು. ಏಳೂ ಜನ ಸಿಬ್ಬಂದಿ ಸತ್ತರು. ಉಳಿದವನು, ಹಕ್ಕಿಗಳನ್ನು ಗಮನಿಸಲು ಅಲ್ಲಿ ಬಂದು ಉಳಿದಿದ್ದ ಒಬ್ಬ ಯುವಕ. ಅವನನ್ನು ಅಮೆರಿಕದ ಹೆಲಿಕಾಪ್ಟರ್ ಎತ್ತಿಕೊಂಡಿತು.

50 ವರ್ಷಕ್ಕೊಮ್ಮೆ ದೆವ್ವದ ಹಡಗು ಬರುತ್ತಂತೆ?

ಲೇಡಿ ಲವಿಬಾಂಡ್. 1748ರ ಫೆಬ್ರುವರಿ 13ಕ್ಕೆ ಮದುಮಕ್ಕಳ ಸಮೇತ ಮುಳುಗಿತಂತೆ. ಆ ಕಾಲದ ಒಂದು ದಾಖಲೆಯಲ್ಲೂ ಈ ಹೆಸರಿಲ್ಲ. 20ನೇ ಶತಮಾನದ ಪತ್ರಿಕೆಗಳು ಬೆಳೆಸಿದ ದೆವ್ವ ಅದು.

## ನಮ್ಮ ಕಡೆಯ ನಂಟು

ಅಲ್ಲಾ, ಇದಕ್ಕೂ ನಮಗೂ ಏನು ಸಂಬಂಧ?

ಒಂದು ಕಾಸಿನ ಸಂಬಂಧ. ತಮಾಷೆ ಅಲ್ಲ.

1809ರ ಜನವರಿಯಲ್ಲಿ ಅಡ್ಮಿರಲ್ ಗಾರ್ಡ್ನರ್ ಎಂಬ ಈಸ್ಟ್ ಇಂಡಿಯಾ ಕಂಪನಿಯ ಹಡಗು ಮದರಾಸಿಗೆ ಹೊರಟಿತ್ತು. ಒಳಗೆ ಕಬ್ಬಿಣ, ಲಂಗರು, ಜೊತೆಗೆ ಟನ್‌ಗಟ್ಟಲೆ ತಾಮ್ರದ ನಾಣ್ಯ. ಮದ್ರಾಸ್ ಪ್ರೆಸಿಡೆನ್ಸಿಯಲ್ಲಿ ಓಡಿಸಲು ಬರ್ಮಿಂಗ್‌ಹ್ಯಾಮ್‌ನ ಸೋಹೋ ಟಂಕಸಾಲೆಯಲ್ಲಿ, ಮ್ಯಾಥ್ಯೂ ಬೋಲ್ಟನ್‌ನ ಹಬೆ ಯಂತ್ರದಲ್ಲಿ ಒತ್ತಿದ ಕಾಸುಗಳು. ಬಿರುಗಾಳಿ ಎದ್ದಿತು. ಇದೂ, ಬ್ರಿಟಾನಿಯಾ ಎಂಬ ಕಂಪನಿಯ ಇನ್ನೊಂದು ಹಡಗೂ ಒಟ್ಟಿಗೆ ಮರಳಿಗೆ ಹೋದವು.

ಆ ಕಾಲಕ್ಕೆ ಮಂಗಳೂರು, ಕುಂದಾಪುರ, ಹೊನ್ನಾವರ, ಕಾರವಾರ, ಬಳ್ಳಾರಿ ಎಲ್ಲ ಮದ್ರಾಸ್ ಪ್ರೆಸಿಡೆನ್ಸಿಯೊಳಗೇ ಇದ್ದವು. ಟಿಪ್ಪು ಸತ್ತ 1799ರಲ್ಲೇ ಕರಾವಳಿ ಕಂಪನಿಯ ಕೈಗೆ ಹೋಗಿತ್ತು. ಅಂದರೆ ಆ ಕಾಸು ಓಡಬೇಕಿದ್ದ ಸೀಮೆಯಲ್ಲಿ ನಮ್ಮ ಗಂಗೊಳ್ಳಿಯೂ ಇತ್ತು.

ನಾಣ್ಯದ ಒಂದು ಬದಿಗೆ ಕಂಪನಿಯ ಲಾಂಛನ, 1808 ಎಂಬ ಇಸವಿ. ಇನ್ನೊಂದು ಬದಿಗೆ ಪಾರಸಿ ಬರಹ, ಕೆಳಗೆ ರೋಮನ್ ಅಂಕಿಯಲ್ಲಿ ಹತ್ತು ಅಥವಾ ಇಪ್ಪತ್ತು, ಪಕ್ಕದಲ್ಲಿ ‘ಕ್ಯಾಶ್’. ಈ ‘ಕ್ಯಾಶ್’ ಬೇರೆ ಏನೂ ಅಲ್ಲ, ನಮ್ಮ ‘ಕಾಸು’ ಇಂಗ್ಲಿಷರ ಬಾಯಲ್ಲಿ ಆದದ್ದು. ಮದರಾಸಿನ ಲೆಕ್ಕದಲ್ಲಿ 80 ಕಾಸಿಗೆ ಒಂದು ಹಣ, 42 ಹಣಕ್ಕೆ ಒಂದು ವರಹ. ಹತ್ತು ಕಾಸಿನ ನಾಣ್ಯ 336 ಕೂಡಿಸಿದರೆ ಒಂದು ವರಹ ಆಗುತ್ತದೆ. ಇದೇ ‘ಕ್ಯಾಶ್’ ಮೈಸೂರಿನಲ್ಲೂ ಇತ್ತು. ಮುಮ್ಮಡಿ ಕೃಷ್ಣರಾಜ ಒಡೆಯರ ತಾಮ್ರದ ನಾಣ್ಯದ ಮೇಲೆ ಕನ್ನಡದಲ್ಲಿ ‘ಮಯಿಲಿ ಕಾಸು’ ಅಂತಲೂ ಇಂಗ್ಲಿಷಿನಲ್ಲಿ ‘ಕ್ಯಾಶ್’ ಅಂತಲೂ ಬರೆದಿರುತ್ತದೆ.

ಆನ್‌ಲೈನ್‌ನಲ್ಲಿ ಆ ಕಾಸು ಮಾರಾಟಕ್ಕಿದೆಯಲ್ಲ, ಅಸಲಿನಾ?

ಬಹಳಷ್ಟು ಅಸಲಿ. 1980ರ ದಶಕದಲ್ಲಿ ಹಡಗಿನ ಜಾಗ ಗೊತ್ತಾಗಿ, ಡೈವರ್‌ಗಳು ಹತ್ತು ಲಕ್ಷಕ್ಕೂ ಹೆಚ್ಚು ನಾಣ್ಯ ಮೇಲೆತ್ತಿದರು. ಹಾಗಾಗಿ ಬೆಲೆ ಕಡಿಮೆ. ಕೆಲವನ್ನು ಪೀಪಾಯಿಯಲ್ಲಿ ಮೇಣ ಹಾಕಿ ತುಂಬಿದ್ದರಿಂದ ಇವತ್ತಿಗೂ ಅಕ್ಷರ ಚೂಪಾಗಿದೆ. ಉಳಿದವನ್ನು ಉಪ್ಪುನೀರು ತಿಂದು ಮೈಯೆಲ್ಲ ತೂತು.

ನಾನು ಮೊದಲ ಸಲ ಮೋಸ ಹೋದೆ. ‘ಕಡಲಿನಿಂದ ತೆಗೆದದ್ದು’ ಎಂಬ ಕಾಗದದ ಜೊತೆ ಬಂದದ್ದು 1803ರ ನಾಣ್ಯ, ಚೆನ್ನಾಗಿ ಓಡಾಡಿ ಸವೆದದ್ದು. ಕಡಲೊಳಗಿದ್ದ ನಾಣ್ಯ ಯಾರ ಜೇಬಿನಲ್ಲಿ ಓಡಾಡಿ ಸವೆದೀತು? ಇಸವಿ ನೋಡಿ, ಸವೆದ ರೀತಿ ನೋಡಿ, ಕಾಗದ ಕೊನೆಗೆ ನೋಡಿ.

ಈಗ ಆ ಜಾಗ ಕಾನೂನಿನ ರಕ್ಷಣೆಯಲ್ಲಿದೆ. ಪರವಾನಗಿ ಇಲ್ಲದೆ ಮುಳುಗುವ ಹಾಗಿಲ್ಲ.

ಇಂಡಿಯಾ ದಾರಿಯ ಬೇರೆ ಹಡಗೂ ಮುಳುಗಿದಾವಾ ಅಕ್ಕ?

ತುಂಬಾ. ವಿಚಿತ್ರದ್ದು ಮಹ್ರಾಟ್ಟಾ. ಲಿವರ್‌ಪೂಲಿನ ಬ್ರಾಕಲ್‌ಬ್ಯಾಂಕ್ ಕಂಪನಿಯವರು ತಮ್ಮ ಹಡಗುಗಳಿಗೆ ಇಂಡಿಯಾ ಕಡೆಯ ಹೆಸರಿಡುತ್ತಿದ್ದರು. ಮಹ್ರಾಟ್ಟಾ ಎಂಬ ಅವರ ಹಡಗು ಕಲ್ಕತ್ತೆಯಿಂದ ಬರುತ್ತಾ 1909ರ ಏಪ್ರಿಲ್‌ನಲ್ಲಿ ಮರಳಿಗೆ ಏರಿ ಮುರಿಯಿತು. ಅದೇ ಹೆಸರನ್ನು ಇನ್ನೊಂದಕ್ಕೆ ಇಟ್ಟರು. ಅದೂ ಕಲ್ಕತ್ತೆಯಿಂದ ಬರುತ್ತಾ 1939ರ ಅಕ್ಟೋಬರಿನಲ್ಲಿ ಇದೇ ಮರಳಿಗೆ ಏರಿತು. ನಮ್ಮೂರಲ್ಲಾಗಿದ್ದರೆ ಮೂರನೆಯದಕ್ಕೆ ಆ ಹೆಸರಿಡಲು ಪುರೋಹಿತರು ಬಿಡುತ್ತಿರಲಿಲ್ಲ.

ಡಚ್ಚರ ರೂಸ್ವೈಕ್ 1740ರ ಜನವರಿಯಲ್ಲಿ ಬಟಾವಿಯಾಕ್ಕೆ, ಅಂದರೆ ಈಗಿನ ಜಕಾರ್ತಕ್ಕೆ, ಬೆಳ್ಳಿ ತುಂಬಿಕೊಂಡು ಹೊರಟಿತ್ತು. ಒಳಗಿದ್ದ 200ಕ್ಕೂ ಹೆಚ್ಚು ಜನರಲ್ಲಿ ಯಾರೂ ಉಳಿಯಲಿಲ್ಲ. 2017–18ರಲ್ಲಿ ಅಗೆದಾಗ ಕಂಪನಿಯ ಬೆಳ್ಳಿಯ ಜೊತೆ, ನಾವಿಕರು ಗುಟ್ಟಾಗಿ ಒಯ್ಯುತ್ತಿದ್ದ ನಾಣ್ಯಗಳೂ ಸಿಕ್ಕವು.

ನಮ್ಮ ಅಳಿವೆಯ ಮರಳಿಗೂ ಇದಕ್ಕೂ ಏನು ವ್ಯತ್ಯಾಸ?

ನಮ್ಮದು ನದಿಯ ಬಾಯಿಯ ಮರಳು. ನೇತ್ರಾವತಿ, ಗುರುಪುರ ನದಿಗಳು ಕಡಲು ಸೇರುವ ಅಳಿವೆಬಾಗಿಲಲ್ಲಿ ಮರಳು ಅಡ್ಡ ಕೂರುತ್ತದೆ. ದೊಡ್ಡ ಹಡಗು ಒಳಗೆ ಬರಲಾಗದೆ ಹೊರಗೆ ಲಂಗರು ಹಾಕುತ್ತಿತ್ತು. ಹಂಚು, ಕಾಫಿ ಎಲ್ಲ ಸಣ್ಣ ದೋಣಿಯಲ್ಲಿ ಹೋಗಿ ಹಡಗು ಹತ್ತಬೇಕಿತ್ತು. ಮಳೆಗಾಲದಲ್ಲಿ ಅದೂ ಬಂದ್. ಹಾಗಾಗಿಯೇ ಪಣಂಬೂರಿನಲ್ಲಿ ನೆಲ ಅಗೆದು ನವಮಂಗಳೂರು ಬಂದರು ಮಾಡಬೇಕಾಯಿತು. ಅದು 1974ರಲ್ಲಿ ದೊಡ್ಡ ಬಂದರುಗಳ ಪಟ್ಟಿಗೆ ಸೇರಿತು.

ನಮ್ಮಲ್ಲಿ ಮರಳು ಬಂದರಿನ ಬಾಗಿಲು ಮುಚ್ಚಿತು. ಇಲ್ಲಿ ಮರಳೇ ಬಂದರು ಕೊಟ್ಟಿತು. ಆದರೆ ಅಳಿವೆ ದಾಟುವಾಗ ನಮ್ಮ ಮೀನುಗಾರರಿಗೆ ಎದೆಯಲ್ಲಿ ಆಗುವ ಡವಡವ ಇದೆಯಲ್ಲ, ಅದನ್ನು ಡೀಲ್‌ನ ಮುದುಕರಿಗೆ ವಿವರಿಸಿ ಹೇಳಬೇಕಾಗಿ ಬರಲಿಲ್ಲ.

## ಸ್ವಲ್ಪ ಆಳಕ್ಕೆ

300 ವರ್ಷದ ಮರದ ಹಡಗು ಕೊಳೆಯದೆ ಹೇಗೆ ಉಳಿಯುತ್ತೆ?

ಮರಳು ಮುಚ್ಚಿದರೆ ಗಾಳಿ ಇಲ್ಲ. ಗಾಳಿ ಇಲ್ಲದಿದ್ದರೆ ಮರ ಕೊರೆಯುವ ಹುಳು ಇಲ್ಲ. ಉಪ್ಪಿನಕಾಯಿ ಭರಣಿಯ ಹಾಗೆ. 1979ರಲ್ಲಿ ಮರಳು ಸರಿದಾಗ ಸ್ಥಳೀಯ ಡೈವರ್‌ಗಳಿಗೆ ಸ್ಟರ್ಲಿಂಗ್ ಕ್ಯಾಸಲ್ ಸಿಕ್ಕಿತು. ಮರ, ಫಿರಂಗಿ, ನಾವಿಕರ ಸಾಮಾನು ಎಲ್ಲ ಇದ್ದವು. ತೊಂದರೆ ಶುರುವಾಗುವುದು ಆಮೇಲೆ. ಭರಣಿಯ ಮುಚ್ಚಳ ತೆಗೆದ ಹಾಗೆ, ಮರಳು ಸರಿದ ಕಡೆಯೆಲ್ಲ ಹಾಳಾಗುತ್ತಾ ಬರುತ್ತದೆ.

ಹೀಗೆ ಮೇಲೆ ಬಂದು ಮತ್ತೆ ಮುಚ್ಚಿಹೋಗುವುದು ಇಲ್ಲಿ ಮಾಮೂಲು. 1917ರಲ್ಲಿ ಸಿಕ್ಕಿಕೊಂಡ ಜರ್ಮನ್ ಜಲಾಂತರ್ಗಾಮಿ ಯು-48 ಆಗಾಗ ಮುಖ ತೋರಿಸುತ್ತದೆ. 1940ರ ಆಗಸ್ಟ್‌ನಲ್ಲಿ ಬಿದ್ದ ಡಾರ್ನಿಯರ್ ಎಂಬ ಜರ್ಮನ್ ಬಾಂಬರ್ ವಿಮಾನವೂ ಮರಳಿನೊಳಗೇ ಇತ್ತು. 2013ರ ಜೂನ್‌ನಲ್ಲಿ ಅದನ್ನು ಎತ್ತಿದರು.

ಒಟ್ಟು ಎಷ್ಟು ಹಡಗು ಮುಳುಗಿದಾವೆ? ಈಗಲೂ ಮುಳುಗುತ್ವಾ?

2,000ಕ್ಕಿಂತ ಜಾಸ್ತಿ ಅನ್ನುವುದು ವಾಡಿಕೆಯ ಅಂದಾಜು. ಎರಡನೇ ಮಹಾಯುದ್ಧ ಮುಗಿದ ಮೇಲೆ, 1946ರ ಒಂದೇ ವರ್ಷದಲ್ಲಿ, ಮೂರು ದೊಡ್ಡ ಅಮೆರಿಕನ್ ಸರಕು ಹಡಗುಗಳು ಹೋದವು. ಒಂದರ ಕಂಬಗಳು ಆಮೇಲೆ ಎಷ್ಟೋ ವರ್ಷ ನೀರಿನ ಮೇಲೆ ಕಾಣುತ್ತಿದ್ದವು. ಈಗ ರೇಡಾರ್, ಜಿಪಿಎಸ್ ಇರುವುದರಿಂದ ದೊಡ್ಡ ಹಡಗಿಗೆ ಹೆದರಿಕೆ ಕಡಿಮೆ. ಸಣ್ಣ ಮೋಜಿನ ದೋಣಿಯವರೇ ಸಿಕ್ಕಿಕೊಳ್ಳುವುದು.

ಅಷ್ಟು ಮರಳಿದೆ, ತೆಗೆದು ಮಾರಬಹುದಲ್ಲ?

ಕೇಳಿದವರು ನಮ್ಮೂರಿನ ಕಂಟ್ರಾಕ್ಟರ್. ಕೇಳದೆ ಇರುತ್ತಾರಾ?

ಹಿಂದೆ ತೆಗೆದಿದ್ದಾರೆ. 2016ರಲ್ಲಿ ಡೋವರ್ ಬಂದರಿನವರು ಹೊಸ ದಕ್ಕೆಯ ಕೆಲಸಕ್ಕೆ ಲಕ್ಷಾಂತರ ಘನ ಮೀಟರ್ ಮರಳು ಬೇಕು ಎಂದು ಅರ್ಜಿ ಹಾಕಿದರು. ಡೀಲ್ ಜನ ಎದ್ದು ನಿಂತರು. ಅದು ನಾವಿಕರ ಗೋರಿ, ವಿಮಾನದವರ ಗೋರಿ, ಸೀಲ್‌ಗಳ ಮನೆ, ಜೊತೆಗೆ ನಮ್ಮ ದಡಕ್ಕೆ ಅಲೆ ತಡೆಯುವ ಗೋಡೆ ಎಂಬುದು ಅವರ ವಾದ. 2018ರಲ್ಲಿ ಪರವಾನಗಿ ಸಿಕ್ಕಿತು. ವಿರೋಧಿಸಿದವರು ಕೋರ್ಟಿಗೆ ಹೋದರೂ ಗೆಲ್ಲಲಿಲ್ಲ. ಆದರೆ 2019ರಲ್ಲಿ ಇಡೀ ಮರಳದಿಬ್ಬವನ್ನು ಕಡಲಿನ ಸಂರಕ್ಷಿತ ವಲಯ ಎಂದು ಸರಕಾರ ಘೋಷಿಸಿತು. ಒಂದು ಕೈಯಲ್ಲಿ ಪರವಾನಗಿ, ಇನ್ನೊಂದು ಕೈಯಲ್ಲಿ ರಕ್ಷಣೆ.

ಹಳೆಯ ಕಾರಣಗಳಿಗಿಂತ ಗೋಡೆಯ ಮಾತೇ ನನಗೆ ಜಾಸ್ತಿ ತೂಕದ್ದು ಅನಿಸುತ್ತದೆ. ಪೂರ್ವದ ಗಾಳಿ ಎದ್ದ ದಿನ ಕಿಟಕಿಯಲ್ಲಿ ನಿಂತರೆ ದೂರದಲ್ಲಿ ಒಂದು ಬಿಳಿ ಗೆರೆ ಕಾಣುತ್ತದೆ. ಅಲೆಗಳು ಅಲ್ಲಿ ಒಡೆಯುತ್ತಿರುತ್ತವೆ. ನಮ್ಮ ಬೀದಿಗೆ ಬಂದು ಮುಟ್ಟುವುದು ಅದರ ಉಳಿಕೆ ಮಾತ್ರ.